ಹಕ್ಕಿಗೆ ಕೆಲಸ ಕೊಟ್ಟವರು

ಅವರ ಸೀರೆಯ ಸೆರಗು ಹೆಗಲ ಮೇಲೆ ಅಂಗೈಯಗಲ ಜಾಲರಿಯಾಗಿತ್ತು. ಹಕ್ಕಿಯೊಂದು ದಿನವೂ ಅಲ್ಲಿ ಕೂತು, ಎಳೆ ಎಳೆಯಾಗಿ ಕಚ್ಚಿ ಬಿಡಿಸಿ ಮಾಡಿದ ತೂತುಗಳವು. ಬಿಳಿ ನೂಲಿನ ಸೀರೆಯಾದರೂ ಒಂದೇ, ಹಬ್ಬಕ್ಕೆ ಉಡುವ ಸೀರೆಯಾದರೂ ಒಂದೇ, ಆ ಜಾಗದಲ್ಲಿ ತೂತು ಇದ್ದೇ ಇರುತ್ತಿತ್ತು. ಇಷ್ಟು ಚೆನ್ನಾಗಿ ನೆನಪಿರುವ ಚಿತ್ರದಲ್ಲೇ ನನಗೊಂದು ತೊಡಕಿದೆ. ಕಣ್ಣು ಮುಚ್ಚಿದರೆ ಹಕ್ಕಿ ಅವರ ಬಲ ಹೆಗಲ ಮೇಲೆ ಕೂತಂತೆ ಕಾಣುತ್ತದೆ. ಸೆರಗು ಇರುತ್ತಿದ್ದದ್ದು ಎಡ ಹೆಗಲ ಮೇಲೆ. ಎರಡೂ ಒಟ್ಟಿಗೆ ನಿಜವಾಗಲಾರವು. ಯಾವುದೋ ಒಂದನ್ನು ನನ್ನ ತಲೆ ಆಮೇಲೆ ಸೇರಿಸಿಕೊಂಡಿದೆ.

ನಾನು ಓದಿದ್ದು ಮನಃಶಾಸ್ತ್ರ. ಕಣ್ಣಾರೆ ಕಂಡವರು ಆಮೇಲೆ ಹೇಳುವ ಮಾತನ್ನು ಎಷ್ಟರ ಮಟ್ಟಿಗೆ ನಂಬಬಹುದು ಎಂಬುದೇ ನನ್ನ ಸಂಶೋಧನೆಯ ವಿಷಯ. ಹಾಗಾಗಿ ಈ ಬರಹದಲ್ಲಿ ಅವರ ಮಾತೆಂದು ನಾನು ಕೊಡುವುದೆಲ್ಲ ಅಕ್ಷರಶಃ ಅವರದೇ ಎಂದು ಆಣೆ ಮಾಡಲಾರೆ. ಬೇಲೂರಿನಲ್ಲಿ ಶಾಲೆಯ ಶಿಕ್ಷಕಿಯಾಗಿರುವ ನನ್ನ ತಂಗಿಗೆ ಇದರ ಕರಡನ್ನು ಓದಿ ಹೇಳಿದಾಗ ಅವಳು ಮೂರು ಕಡೆ ತಡೆದು, ಹಾಗಲ್ಲ ಎಂದಳು. ಎರಡು ಕಡೆ ತಿದ್ದಿದ್ದೇನೆ. ಒಂದು ಕಡೆ ಬಿಟ್ಟಿದ್ದೇನೆ.

ಅರಸೀಕೆರೆಯಲ್ಲಿ ನಾನು ಬಾಡಿಗೆಗಿದ್ದ ಮನೆಯ ಒಡತಿ ಅವರು. ಬೀದಿಯವರೆಲ್ಲ ಕರೆಯುತ್ತಿದ್ದಂತೆ ನಾನೂ ಹಿಂದಿನಿಂದ ಓನರಮ್ಮ ಎನ್ನುತ್ತಿದ್ದೆ, ಎದುರಿಗೆ ಅಮ್ಮ. ತವರು ಹಳೇಬೀಡು, ಬಸದಿಗಳ ಪಕ್ಕದ ಜೈನರ ಮನೆ. ಕೊಬ್ಬರಿ ವ್ಯಾಪಾರದ ಮನೆಗೆ ಸೊಸೆಯಾಗಿ ಬಂದು, ಗಂಡ ಹೋದ ಮೇಲೂ ವ್ಯಾಪಾರ ಬಿಟ್ಟಿರಲಿಲ್ಲ. ಮನೆಯ ಹಿಂದೆ ಎತ್ತರದ ಅಟ್ಟವಿತ್ತು. ಗಂಡಸಿ ಕಡೆಯಿಂದ ಬಂದ ತೆಂಗಿನಕಾಯಿಯನ್ನು ಅಲ್ಲಿ ಸುರಿದು ವರ್ಷದ ಹತ್ತಿರ ಹಾಗೇ ಬಿಟ್ಟರೆ ಒಳಗಿನ ನೀರು ಇಂಗಿ, ತಿರುಳು ಚಿಪ್ಪಿನಿಂದ ಬಿಟ್ಟುಕೊಂಡು ಉಂಡೆ ಕೊಬ್ಬರಿಯಾಗುತ್ತದೆ. ಆಗಿದೆಯೋ ಇಲ್ಲವೋ ಎಂದು ತಿಳಿಯಲು ಕಾಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಬೇಕು. ಆ ಕೆಲಸವನ್ನು ಅವರು ಬೇರೆ ಯಾರಿಗೂ ಬಿಡುತ್ತಿರಲಿಲ್ಲ.

ನಾನು ಅವರ ಮಹಡಿಯ ಎರಡು ಕೋಣೆಗಳಿಗೆ ಬಂದದ್ದು ಪದವಿ ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕನಾಗಿದ್ದಾಗ. ಒಂಟಿತನಕ್ಕೆ ಮದ್ದೆಂದು ಹಾಸನದ ಅಂಗಡಿಯೊಂದರಿಂದ ಕಾಕಟೀಲ್ ಮರಿಯೊಂದನ್ನು ತಂದೆ. ಗಿಳಿಯ ಜಾತಿಗೇ ಸೇರಿದ, ತಲೆಯ ಮೇಲೆ ಜುಟ್ಟಿರುವ, ಬಾಲ ಸೇರಿ ಗೇಣಿಗಿಂತ ಉದ್ದದ ಬೂದು ಹಕ್ಕಿ. ಅಂಗಡಿಯವನು ಹೆಣ್ಣು ಎಂದು ಹೇಳಿ ಕೊಟ್ಟ, ಹೆಣ್ಣಾದರೆ ಗಲಾಟೆ ಮಾಡುವುದಿಲ್ಲ ಎಂದೂ ಸೇರಿಸಿದ. ನಾನು ಸುಮ್ಮನೆ ನಂಬುವವನಲ್ಲವಲ್ಲ, ಮನೆಗೆ ಬಂದು ಫೋನಿನಲ್ಲಿ ಓದಿ ನೋಡಿದೆ. ಹೆಣ್ಣಿನ ಮುಖ ಬೂದು, ಗಂಡಿನ ಮುಖ ಹಳದಿ ಎಂದಿತ್ತು. ನನ್ನದರ ಮುಖ ಬೂದು. ಸರಿ, ಹೆಣ್ಣೇ ಎಂದು ಫೋನು ಕೆಳಗಿಟ್ಟೆ.

ಪಂಜರದಲ್ಲಿ ಯಾವುದಕ್ಕೂ ಕೊರತೆ ಮಾಡಲಿಲ್ಲ. ಬಟ್ಟಲ ತುಂಬ ಕಾಳು, ನೀರು, ಒಂದು ಗಂಟೆ, ಒಂದು ಕನ್ನಡಿ. ಬೆಳಿಗ್ಗೆ ಕಾಲೇಜಿಗೆ ಹೋದರೆ ಸಂಜೆ ಬರುತ್ತಿದ್ದೆ. ಬಂದವನು ಟ್ಯೂಬ್‌ಲೈಟು ಹಾಕಿಕೊಂಡು ಮಲಗುವವರೆಗೂ ಓದುತ್ತಿದ್ದೆ. ಎರಡು ತಿಂಗಳಾಗುವ ಹೊತ್ತಿಗೆ ಪಂಜರದ ತಳದಲ್ಲಿ ಪುಕ್ಕಗಳು ಕಾಣಿಸಿಕೊಂಡವು. ಮೂರನೆಯ ತಿಂಗಳಿಗೆ ಹಕ್ಕಿಯ ಎದೆ ಬೋಳಾಗಿ, ಗುಲಾಬಿ ಬಣ್ಣದ ಚರ್ಮ, ಅದರ ಮೇಲೆ ಸಾಸಿವೆಕಾಳಿನಷ್ಟು ರಕ್ತದ ಚುಕ್ಕೆಗಳು. ತನ್ನ ಗರಿಯನ್ನು ತಾನೇ ಕಿತ್ತುಕೊಳ್ಳುತ್ತಿತ್ತು. ಕೊಕ್ಕಿಗೆ ಎಟುಕದ ತಲೆ ಮಾತ್ರ ಉಳಿದಿತ್ತು.

ಓನರಮ್ಮ ಅದನ್ನು ನೋಡಿದ್ದು ನೀರಿನ ಟ್ಯಾಂಕಿನ ವಿಷಯ ಹೇಳಲು ಮೇಲೆ ಬಂದಾಗ. ಟ್ಯಾಂಕಿನ ಮಾತು ಬಿಟ್ಟು ಪಂಜರದ ಮುಂದೆ ಬಹಳ ಹೊತ್ತು ನಿಂತರು.

“ಏನ್ ಮೇಷ್ಟ್ರೇ, ಈ ಹಕ್ಕಿಗೆ ಏನ್ ಕೆಲ್ಸ ಕೊಟ್ಟಿದೀರಾ?”

ನನಗೆ ಪ್ರಶ್ನೆಯೇ ಅರ್ಥವಾಗಲಿಲ್ಲ. ಕೆಲಸವೇನಮ್ಮ, ಬೇಕಾದ್ದೆಲ್ಲ ಅಲ್ಲೇ ಇದೆಯಲ್ಲ ಎಂದು ಬಟ್ಟಲು, ಗಂಟೆ, ಕನ್ನಡಿಗಳನ್ನು ತೋರಿಸಿದೆ.

“ಅದನ್ನೇ ನಾನು ಹೇಳ್ತಿರೋದು. ಎಲ್ಲಾ ಬಾಯಿಗೇ ಇಟ್ಟಿದೀರ. ಮಾಡೋಕೆ ಏನೂ ಇಲ್ದೆ ತನ್ನ ಮೈಯನ್ನೇ ಕೆಲ್ಸ ಮಾಡ್ಕೊಂಡೈತೆ.”

ಎಂ.ಎ. ತರಗತಿಯಲ್ಲಿ ಪಂಜರದ ಪ್ರಾಣಿಗಳ ಬೇಸರದ ಬಗ್ಗೆ ಒಂದು ಇಡೀ ಅಧ್ಯಾಯ ಓದಿ, ಪರೀಕ್ಷೆಯಲ್ಲಿ ಬರೆದು ಪಾಸಾದವನು ನಾನು. ನನ್ನ ಮನೆಯ ಗೋಡೆಗೆ ನೇತುಹಾಕಿದ ಪಂಜರ ಆ ಅಧ್ಯಾಯದೊಳಗಿನದು ಎಂದು ಹೊಳೆದಿರಲಿಲ್ಲ. ಆದರೂ ಅವರ ಮಾತನ್ನು ತಕ್ಷಣ ಒಪ್ಪಿಕೊಳ್ಳಲು ಮನಸ್ಸು ಬರಲಿಲ್ಲ. ಮೊದಲು ಪಶುವೈದ್ಯರಿಗೆ ತೋರಿಸೋಣ ಎಂದೆ. ಆ ವೈದ್ಯರು ಹಸು ಎಮ್ಮೆ ಕುರಿಗಳ ನಡುವೆ ದಿನ ಕಳೆಯುವ ಮನುಷ್ಯ. ಹಕ್ಕಿಯ ವಿಷಯ ತಮಗೆ ಅಷ್ಟಾಗಿ ಗೊತ್ತಿಲ್ಲವೆಂದು ನೇರವಾಗಿ ಹೇಳಿ, ಹಾಸನದ ಗೆಳೆಯರೊಬ್ಬರಿಗೆ ಫೋನು ಮಾಡಿ ಕೇಳಿ, ಚರ್ಮಕ್ಕೆ ಹಚ್ಚಲು ಏನನ್ನೋ ಕೊಟ್ಟರು. ರೋಗದ ಲಕ್ಷಣ ಕಾಣುವುದಿಲ್ಲ, ಆದರೆ ಹೀಗೇ ಕಿತ್ತುಕೊಳ್ಳುತ್ತಾ ಹೋದರೆ ಗಾಯ ಕೀವಾಗಿ ಉಳಿಯುವುದು ಕಷ್ಟ ಎಂದರು.

ಆಗ ನನ್ನ ಪರಿಸ್ಥಿತಿಯೂ ಬಿಕ್ಕಟ್ಟಿನದೇ. ಮಹಾಪ್ರಬಂಧ ಮುಗಿಸಲು ಮೂರು ತಿಂಗಳು ಮೈಸೂರಿನಲ್ಲಿರಬೇಕಿತ್ತು. ಹೊರಡಲು ಎರಡು ವಾರವಿತ್ತು. ಹಕ್ಕಿಯನ್ನು ಕರೆದೊಯ್ಯಲು ಹಾಸ್ಟೆಲಿನಲ್ಲಿ ಬಿಡುವುದಿಲ್ಲ. ಓನರಮ್ಮ ಪಂಜರವನ್ನು ಕೆಳಗಿಳಿಸಿ ಎಂದರು. ಅವರೇನೂ ಹಕ್ಕಿ ಸಾಕುವುದನ್ನು ಮೆಚ್ಚುವವರಲ್ಲ. ಜೀವವನ್ನು ಕಂಬಿಯೊಳಗಿಡುವುದು ಅವರ ಧರ್ಮದಲ್ಲಿ ಪಾಪ. ಬಿಟ್ಟುಬಿಡೋಣ ಎಂದರೆ ಅದು ಈ ದೇಶದ ಹಕ್ಕಿಯಲ್ಲ, ಅರ್ಧ ಗಂಟೆಯಲ್ಲಿ ಕಾಗೆಗಳು ಹರಿದು ಹಾಕುತ್ತವೆ. ಇದನ್ನು ವಿವರಿಸಿದೆ. ಅವರು ಯೋಚಿಸಿ ಹೇಳಿದರು, “ಬಿಡೋ ಹಂಗೂ ಇಲ್ಲ, ಇಟ್ಕಳೋ ಹಂಗೂ ಇಲ್ಲ. ಜೈಲಿನಾಗಿರೋನಿಗೂ ಏನೋ ಒಂದು ಕೆಲ್ಸ ಕೊಡ್ತಾರಪ್ಪ.”

ಆ ಎರಡು ವಾರ ನಾನು ಕಣ್ಣಾರೆ ನೋಡಿದ್ದನ್ನು ಅಂದಂದೇ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟೆ. ಆದ್ದರಿಂದ ಈ ಭಾಗವನ್ನು ನಂಬಬಹುದು.

ಪಂಜರ ಹಿಂದಿನ ಜಗಲಿಗೆ ಹೋಯಿತು. ಅಲ್ಲಿ ಬೆಳಗಿನಿಂದ ಕಾಯಿ ಸುಲಿಯುವವರು, ಚಿಪ್ಪು ಒಡೆಯುವವರು, ಅವರ ಮಾತು, ನಗು. ಪಂಜರದ ಒಂದು ಬದಿ ಗೋಡೆಗೆ ಒರಗಿರುವಂತೆ ಇಟ್ಟರು, ಹೆದರಿದರೆ ಬೆನ್ನಿಗೆ ಏನಾದರೂ ಇರಬೇಕಂತೆ. ಮೊದಲ ದಿನವೇ ಕನ್ನಡಿ ತೆಗೆದರು. ತನ್ನ ಮುಖವನ್ನೇ ನೋಡುತ್ತಾ ಕೂತವರು ಉದ್ಧಾರವಾದದ್ದು ಅವರು ಕಂಡಿರಲಿಲ್ಲವಂತೆ. ಕಾಳಿನ ಬಟ್ಟಲನ್ನೂ ತೆಗೆದರು. ಕಾಳನ್ನು ಮುಸುಕಿನ ಜೋಳದ ಸಿಪ್ಪೆಯಲ್ಲಿ ಸಣ್ಣ ಪೊಟ್ಟಣ ಕಟ್ಟಿ, ತೆಂಗಿನ ನಾರಿನಿಂದ ಒಂದು ಗಂಟು ಹಾಕಿ ಕಂಬಿಗೆ ತೂಗಿಬಿಟ್ಟರು. ಹಕ್ಕಿ ಮೊದಲ ದಿನ ಅದರ ಹತ್ತಿರವೂ ಹೋಗಲಿಲ್ಲ. ಉಪವಾಸ ಬಿದ್ದು ಸಾಯುತ್ತದೆ ಎಂದು ನಾನು ಗಾಬರಿಯಾದೆ. ಅವರು ಪೊಟ್ಟಣದ ಬಾಯಿ ಕೊಂಚ ಸಡಿಲಿಸಿ, ಎರಡು ಕಾಳು ಹೊರಗೆ ಕಾಣುವಂತೆ ಮಾಡಿದರು. ಮಾರನೆಯ ದಿನ ಒಂದು ಕಾಳು ಕಂಡಿತು. ಮೂರನೆಯ ದಿನ ಏನೂ ಕಾಣಲಿಲ್ಲ, ಆದರೂ ಹಕ್ಕಿ ಗಂಟನ್ನು ಬಿಚ್ಚಿತು. ವಾರದ ಕೊನೆಗೆ ಗಂಟುಗಳು ಎರಡಾಗಿದ್ದವು.

ಕರಟಕ್ಕೆ ಮೊಳೆಯಿಂದ ತೂತು ಕೊರೆದು ಒಳಗೆ ನವಣೆ ತುಂಬಿ ತೂಗುಹಾಕಿದರು. ಕಾಯಿ ಸುಲಿಯಲು ಬರುವ ಗಂಡಸಿಯ ಹೆಂಗಸೊಬ್ಬರು ಹೊಲದಿಂದ ರಾಗಿ ತೆನೆ ತಂದುಕೊಡುತ್ತಿದ್ದರು. ಅದನ್ನು ಒಂದು ದಿನ ಪಂಜರದ ಮೇಲೆ, ಇನ್ನೊಂದು ದಿನ ಮೂಲೆಯಲ್ಲಿ ಸಿಕ್ಕಿಸುವರು. ನಿನ್ನೆ ಇದ್ದ ವಸ್ತು ಇವತ್ತು ಅದೇ ಜಾಗದಲ್ಲಿ ಇರಕೂಡದು ಎಂಬುದು ಅವರ ಕಟ್ಟಳೆ. ತೊಳೆದ ನುಗ್ಗೆಸೊಪ್ಪನ್ನು ನೀರು ಸೋರುವಂತೆಯೇ ಹರಡಿದರೆ ಹಕ್ಕಿ ಅದರಲ್ಲಿ ಹೊರಳಾಡಿ ಸ್ನಾನ ಮಾಡುತ್ತಿತ್ತು. ಕ್ಯಾರೆಟ್ ಕೊಡಬಹುದು ಎಂದು ನಾನು ಓದಿ ಹೇಳಿದೆ. ನೆಲದೊಳಗೆ ಬೆಳೆಯುವ ಗಡ್ಡೆ ಅವರ ಮನೆಯೊಳಗೆ ಬರುತ್ತಿರಲಿಲ್ಲ, ಹಕ್ಕಿಗಾಗಿಯೂ ಬರಲಿಲ್ಲ. ಮಾತು ಕಲಿಸುವುದಿಲ್ಲವೇ ಎಂದು ಕೇಳಿದ್ದಕ್ಕೆ, ಮಾತಾಡುವ ಕೆಲಸಕ್ಕೆ ನಾವಿದ್ದೇವಲ್ಲ ಎಂದರು.

ಹೊತ್ತು ಮುಳುಗುವ ಮುನ್ನ ಅವರು ಊಟ ಮುಗಿಸುತ್ತಿದ್ದರು. ಹಾಗೆಯೇ ಹಕ್ಕಿಯ ಕಾಳನ್ನೂ ಆ ಹೊತ್ತಿಗೆ ತೆಗೆದು ಪಂಜರಕ್ಕೆ ಹಳೆಯ ಪಂಚೆ ಹೊದಿಸಿಬಿಡುವರು. ಇದು ನನಗೆ ಸರಿಕಾಣಲಿಲ್ಲ. ಅವರ ನೇಮವನ್ನು ಹಕ್ಕಿಯ ಮೇಲೆ ಏಕೆ ಹೇರಬೇಕು? ಎರಡನೆಯ ವಾರ ಚತುರ್ದಶಿ ಬಂತು. ಅವರು ಆ ದಿನ ಉಪವಾಸ. ಜಗಲಿಗೆ ಹೋಗಿ ನೋಡಿದರೆ ಪಂಜರದಲ್ಲಿ ಒಂದು ಕಾಳೂ ಕಾಣಲಿಲ್ಲ. ಸಿಟ್ಟು ಬಂತು. ಹಕ್ಕಿಗೂ ಉಪವಾಸ ಮಾಡಿಸುತ್ತಿದ್ದೀರಾ ಎಂದು ಸುಲಿಯುವವರ ಎದುರಿಗೇ ಕೇಳಿಬಿಟ್ಟೆ.

“ಅದೇನ್ ವ್ರತ ಹಿಡಿದೈತಾ ಉಪವಾಸ ಮಾಡೋಕೆ?” ಎಂದರು ಅವರು. ಸುಲಿಯುವವರೆಲ್ಲ ನಕ್ಕರು. ಆಮೇಲೆ ಒಂದೊಂದಾಗಿ ತೋರಿಸಿದರು. ಪೊರಕೆ ಕಡ್ಡಿಗಳ ಕಟ್ಟಿನ ನಡುವೆ, ಸುತ್ತಿದ ಬಾಳೆಯ ಒಣಪಟ್ಟೆಯೊಳಗೆ, ಕರಟದ ಹಿಂದೆ, ಒಟ್ಟು ಏಳು ಕಡೆ ಕಾಳು ಅಡಗಿಸಿಟ್ಟಿದ್ದರು. ಅವರಿಗೆ ಆ ದಿನ ಅಡಿಗೆ ಕೆಲಸವಿಲ್ಲದ್ದರಿಂದ ಹಕ್ಕಿಗೆ ಎರಡರಷ್ಟು ಕೆಲಸ ಸಿಕ್ಕಿತ್ತು.

ಸೂರ್ಯಾಸ್ತದ ಪಂಚೆಯ ವಿಷಯದಲ್ಲಿಯೂ ನಾನೇ ಸೋತೆ. ಈ ಜಾತಿಯ ಹಕ್ಕಿಗೆ ಹತ್ತು ಹನ್ನೆರಡು ಗಂಟೆ ಕತ್ತಲೆ, ನಿದ್ದೆ ಬೇಕು. ನನ್ನ ಟ್ಯೂಬ್‌ಲೈಟಿನ ಕೆಳಗೆ ಅದಕ್ಕೆ ಅದರ ಅರ್ಧವೂ ಸಿಕ್ಕಿರಲಿಲ್ಲ. ಇದನ್ನು ನಾನು ತಿಳಿದದ್ದು ಬಹಳ ಆಮೇಲೆ.

ಮೈಸೂರಿಗೆ ಹೊರಟಾಗ ಹಕ್ಕಿಯ ಎದೆ ಇನ್ನೂ ಬೋಳೇ. ಬದುಕುತ್ತದೆಂಬ ಭರವಸೆ ನನಗಿರಲಿಲ್ಲ. ವಾರಕ್ಕೊಮ್ಮೆ ಫೋನು ಮಾಡುತ್ತಿದ್ದೆ. ಹೇಗಿದೆ ಎಂದರೆ ಪ್ರತಿ ಸಲವೂ ಒಂದೇ ಉತ್ತರ, “ಕೆಲ್ಸದಲ್ಲೈತೆ.” ಗರಿ ಬಂತೇ, ಗಾಯ ಮಾಯಿತೇ ಎಂದರೆ, ಬಂದು ನೋಡಿ ಎನ್ನುವರು. ಫೋಟೊ ತೆಗೆದು ಕಳಿಸುವ ಫೋನು ಅವರಲ್ಲಿರಲಿಲ್ಲ.

ಮೂರು ತಿಂಗಳ ಮೇಲೆ ಬಂದೆ. ರೈಲು ಇಳಿದು ಚೀಲದ ಸಮೇತ ನೇರವಾಗಿ ಜಗಲಿಗೇ ಹೋದೆ. ಓನರಮ್ಮನ ಹೆಗಲ ಮೇಲೆ ಒಂದು ಹಕ್ಕಿ ಕೂತು ಸೆರಗನ್ನು ಕಚ್ಚುತ್ತಿತ್ತು. ಎದೆಯ ತುಂಬ ನಯವಾದ ಬೂದು ಗರಿ. ಮುಖ ನಿಂಬೆಹಣ್ಣಿನಂಥ ಹಳದಿ, ಕೆನ್ನೆಯ ಮೇಲೆ ಕಿತ್ತಳೆಯ ದುಂಡು ಬೊಟ್ಟು. ನನ್ನನ್ನು ನೋಡಿ ಜುಟ್ಟು ನಿಮಿರಿಸಿ ಉದ್ದಕ್ಕೆ ಸಿಳ್ಳೆ ಹಾಕಿತು. ನನ್ನ ಹಕ್ಕಿ ಎಂದೂ ಸಿಳ್ಳೆ ಹಾಕಿದ್ದಿಲ್ಲ.

ಕಣ್ಣಲ್ಲಿ ನೀರು ಬಂದದ್ದು ನಿಜ. ಅದು ಆರುವ ಮೊದಲೇ ಅನುಮಾನ ಬಂದದ್ದೂ ನಿಜ. ನನ್ನದು ಹೆಣ್ಣು. ಹೆಣ್ಣಿನ ಮುಖ ಬೂದು. ಇದರ ಮುಖ ಹಳದಿ. ಅಂದರೆ ಇದು ಬೇರೆ ಹಕ್ಕಿ. ನನ್ನದು ನಾನಿಲ್ಲದಾಗ ಸತ್ತಿದೆ, ನಾನು ನೊಂದುಕೊಳ್ಳಬಾರದೆಂದು ಇವರು ಹಾಸನಕ್ಕೆ ಯಾರನ್ನೋ ಕಳಿಸಿ ಇನ್ನೊಂದನ್ನು ತರಿಸಿದ್ದಾರೆ. ಫೋನಿನಲ್ಲಿ ಏನನ್ನೂ ಬಿಡಿಸಿ ಹೇಳದಿದ್ದದ್ದು ಇದಕ್ಕೇ. ಕಾರಣಗಳು ಒಂದರ ಪಕ್ಕ ಒಂದು ಎಷ್ಟು ಚೆನ್ನಾಗಿ ಕೂತವೆಂದರೆ, ನನ್ನ ಬುದ್ಧಿಯ ಬಗ್ಗೆ ನನಗೇ ಹೆಮ್ಮೆಯಾಯಿತು.

ನಾಲ್ಕು ದಿನ ತಡೆದೆ. ಐದನೆಯ ದಿನ ಜೋಳದ ಸಿಪ್ಪೆ ಮಡಚುತ್ತಾ ಕೂತಿದ್ದ ಅವರ ಮುಂದೆ ಹೋಗಿ ಕೂತು ಕೇಳಿದೆ.

“ಅಮ್ಮಾ, ನಿಜ ಹೇಳಿ. ನಾನೇನೂ ಬೇಜಾರು ಮಾಡ್ಕೊಳ್ಳಲ್ಲ. ನನ್ನ ಹಕ್ಕಿ ಸತ್ತುಹೋಯ್ತಾ?”

ಅವರು ಮಡಚುತ್ತಿದ್ದ ಸಿಪ್ಪೆಯನ್ನು ಮಡಿಲಿಗಿಟ್ಟುಕೊಂಡರು. ನಾನು ಹೆಣ್ಣು ಗಂಡಿನ ಬಣ್ಣದ ವ್ಯತ್ಯಾಸವನ್ನು, ಓದಿದ್ದನ್ನು ವಿವರಿಸಿದೆ. ಪಾಠ ಮಾಡುವ ದನಿಯಲ್ಲೇ ವಿವರಿಸಿರಬೇಕು. ಪೂರ್ತಿ ಕೇಳಿಸಿಕೊಂಡರು.

“ಸತ್ತಿದ್ರೆ ಸತ್ತೋಯ್ತು ಅಂತಿದ್ದೆ. ನಿಮ್ಮನ್ನ ಸಮಾಧಾನ ಮಾಡೋಕೆ ನಾನ್ಯಾಕೆ ಸುಳ್ಳು ಹೇಳ್ಲಿ ಮೇಷ್ಟ್ರೇ? ನೀವು ಓದಿದ್ದು ನಂಗೊತ್ತಿಲ್ಲ. ನನ್ ಕಣ್ಣೆದ್ರಿಗೆ ಇದ್ದಿದ್ದು ಒಂದೇ ಹಕ್ಕಿ. ದಿನಾ ಒಂದೊಂದ್ ಚೂರು ಹಳದಿ ಆಯ್ತು, ನೋಡ್ತಾ ಇದ್ದೆ.”

ಇಷ್ಟು ಹೇಳಿ ಒಳಗೆ ಹೋದರು. ಅವರ ದನಿ ಏರಲಿಲ್ಲ ಎಂದು ನನ್ನ ನೆನಪು. ತಂಗಿ ಒಪ್ಪದೆ ನಾನು ತಿದ್ದದೆ ಬಿಟ್ಟ ಜಾಗ ಇದೇ. ಆ ದಿನ ಸಂಜೆ ನಾನು ಅವಳಿಗೆ ಫೋನು ಮಾಡಿ, ಓನರಮ್ಮ ಕೂಗಾಡಿದರು ಎಂದಿದ್ದೆನಂತೆ. ಹೇಳಿದ್ದಿರಬಹುದು. ತಪ್ಪು ಮಾಡಿದವನಿಗೆ ಎದುರಿನವರು ಕೂಗಾಡಿದರೆ ಅನುಕೂಲ.

ಅವರಿಗೆ ನೋವಾಗಿತ್ತು. ಸುಳ್ಳಾಡಬಾರದೆಂಬುದನ್ನು ಕುಡಿಯುವ ನೀರು ಸೋಸುವಷ್ಟೇ ಸಹಜವಾಗಿ ಪಾಲಿಸಿಕೊಂಡು ಬಂದ ಹೆಂಗಸು. ಅಂಥವರನ್ನು, ನೀವು ಪ್ರೀತಿಯಿಂದಲೇ ಮೋಸ ಮಾಡಿದ್ದೀರಿ ಎಂದು ನಾನು ನಯವಾಗಿ ಹೇಳಿದ್ದೆ. ಪಂಜರ ಮಹಡಿಗೆ ಬಂತು. ಅವರು ಮೆಟ್ಟಿಲು ಹತ್ತುವುದನ್ನು ನಿಲ್ಲಿಸಿದರು. ಕೆಳಗೆ ಸಿಕ್ಕಿದರೆ ಕಾಲೇಜಿನ, ಬಿಸಿಲಿನ ವಿಷಯ ಮಾತ್ರ. ಆದರೆ ಬೆಳಿಗ್ಗೆ ಬಾಗಿಲು ತೆಗೆದರೆ ಕೊನೆಯ ಮೆಟ್ಟಿಲ ಮೇಲೆ ಆ ದಿನದ ಪೊಟ್ಟಣಗಳು ಇರುತ್ತಿದ್ದವು. ಸಿಪ್ಪೆಯಲ್ಲಿ ಕಟ್ಟಿದ್ದು, ನಾರಿನ ಗಂಟು ಹಾಕಿದ್ದು. ಗಂಟುಗಳು ಮೂರಾದವು, ನಾಲ್ಕಾದವು. ನನ್ನ ಮೇಲಿನ ಬೇಸರವನ್ನು ಅವರು ಹಕ್ಕಿಯ ಕೆಲಸಕ್ಕೆ ತಾಗಿಸಲಿಲ್ಲ. ನಿಧಾನವಾಗಿ ನಾನೂ ಗಂಟು ಹಾಕುವುದನ್ನು, ಕರಟ ಕೊರೆಯುವುದನ್ನು ಕಲಿತೆ.

ಮೌನ ಮುರಿದದ್ದು ಅವರೇ. ತಿಂಗಳ ಮೇಲೆ ಒಂದು ಭಾನುವಾರ ನನ್ನನ್ನು ಹಕ್ಕಿಯ ಸಮೇತ ಅಟ್ಟದ ಕೆಳಗೆ ಕರೆದರು. ಜಗಲಿಯಲ್ಲಿದ್ದಾಗ ಅವರು ಕಾಯಿ ಅಲ್ಲಾಡಿಸಿದರೆ ಹಕ್ಕಿ ಸಿಳ್ಳೆ ಹಾಕುತ್ತಿತ್ತು, ಅದೂ ಚೆನ್ನಾಗಿ ಒಣಗಿದ ಕಾಯಿಗೆ ಮಾತ್ರ ಎಂದು ಸುಲಿಯುವವರೆಲ್ಲ ನಂಬಿದ್ದರು. ಹಕ್ಕಿಗೆ ಕೊಬ್ಬರಿ ಗೊತ್ತಾಗುತ್ತದೆ ಎಂಬ ಮಾತು ಬೀದಿಯಲ್ಲೂ ಹರಡಿತ್ತು. ನಿಜವೋ ಸುಳ್ಳೋ ನೀವೇ ನೋಡಿ ಹೇಳಿ ಎಂದರು. ನನಗೆ ಹುರುಪು ಬಂತು. ಒಣಗಿದ ಹತ್ತು, ಹಸಿಯ ಹತ್ತು ಕಾಯಿಗಳನ್ನು ಬೆರೆಸಿ, ಯಾವುದು ಯಾವುದೆಂದು ನನಗೂ ತಿಳಿಯದಂತೆ ಗೋಣಿಯೊಳಗೆ ಕೈಹಾಕಿ ತೆಗೆದು ಅಲ್ಲಾಡಿಸಿದೆ. ಹಕ್ಕಿ ಇಪ್ಪತ್ತಕ್ಕೂ ಸಿಳ್ಳೆ ಹಾಕಿತು. ನಂಬಿಕೆ ಸುಳ್ಳೆಂದು ನಾನು ಗಂಭೀರವಾಗಿ ತೀರ್ಪು ಕೊಟ್ಟೆ.

“ಕಾಯಿಗೆ ಎಲ್ಲಿ ಸಿಳ್ಳೆ ಹೊಡೀತು?” ಎಂದರು ಅವರು. “ಒಂದ್ ಗಂಟೆಯಿಂದ ಗೋಣಿಯೊಳಗೆ ತಲೆ ಇಟ್ಕೊಂಡಿದೀರಲ್ಲ, ನಿಮ್ಗೆ ಹೊಡೆದಿದ್ದು.”

ಇಬ್ಬರೂ ನಕ್ಕೆವು. ಅಲ್ಲಿಂದ ಮಾತು ಮೊದಲಿನಂತಾಯಿತು. ನನ್ನ ಅನುಮಾನ ಮಾತ್ರ ಹಾಗೇ ಉಳಿಯಿತು. ಆ ಮಾತನ್ನು ಅವರೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಈ ಹಕ್ಕಿಯನ್ನು ಪ್ರೀತಿಸುತ್ತಿದ್ದೆ, ಆದರೆ ಇನ್ನೊಂದು ಹಕ್ಕಿಯ ಸಾವಿಗೆ ಕಾರಣನಾದೆ ಎಂಬ ಭಾರ ಹೊತ್ತುಕೊಂಡೇ ಪ್ರೀತಿಸುತ್ತಿದ್ದೆ. ಹಾಗೆಯೇ ಅವರ ಮೇಲಿನ ಗೌರವದ ತಳದಲ್ಲಿ ಒಂದು ಸಣ್ಣ ಬಿರುಕು.

ಮಂಡಿನೋವಿನಿಂದ ಅಟ್ಟ ಹತ್ತುವುದು ಆಗದೆ, ವ್ಯಾಪಾರವನ್ನು ಮೈದುನನ ಮಗನಿಗೆ ವಹಿಸಿ ಅವರು ಹಳೇಬೀಡಿಗೆ, ತಮ್ಮನ ಮನೆಗೆ ಹೋದರು. ದಿನವೂ ಬಸದಿಗೆ ಹೋಗಿಬರುವಷ್ಟು ಹತ್ತಿರದ ಮನೆ. ಹೋಗುವಾಗ ಸಂತೋಷವಾಗಿಯೇ ಇದ್ದರು. ಹಕ್ಕಿ ನನ್ನಲ್ಲೇ ಉಳಿಯಿತು.

ಅವರು ಹೋಗಿ ಕೆಲವು ತಿಂಗಳಾಗಿತ್ತು. ಒಂದು ಭಾನುವಾರ ಬೇಲೂರಿಗೆ ತಂಗಿಯ ಮನೆಗೆ ಹೋದೆ. ಅವಳ ಜೊತೆ ಕೆಲಸ ಮಾಡುವ ಶಿಕ್ಷಕಿಯೊಬ್ಬರು ಮನೆಯ ಹಿಂದೆ ದೊಡ್ಡ ಜಾಲರಿ ಕೋಣೆಯಲ್ಲಿ ಕಾಕಟೀಲ್ ಸಾಕಿ ಮರಿ ಮಾಡಿಸುತ್ತಾರೆಂದು ನೋಡಲು ಕರೆದೊಯ್ದಳು. ಹದಿನೈದು ಹಕ್ಕಿಗಳಿದ್ದವು. ಒಂದು ಮೂಲೆಯಲ್ಲಿ ಆರು ಮರಿಗಳು ಸಾಲಾಗಿ ಕೂತಿದ್ದವು, ಆರೂ ಬೂದು ಮುಖದವು. ಆರೂ ಹೆಣ್ಣೇ, ಆಶ್ಚರ್ಯ ಎಂದು ನಾನು ತಿಳಿದವನಂತೆ ಹೇಳಿದೆ.

“ಈಗ್ಲೇ ಹೆಂಗ್ ಹೇಳ್ತೀರಾ ಸಾರ್?” ಎಂದರು ಆಕೆ. “ಎಳೇವೆಲ್ಲ ಹಿಂಗೇ ಇರ್ತವೆ. ಮೊದಲ್ನೇ ಸಲ ಗರಿ ಉದುರಿಸಿ ಹೊಸದು ಬರುತ್ತಲ್ಲ, ಆವಾಗ ಗಂಡಾಗಿದ್ರೆ ಮುಖ ಹಳದಿ ಆಗುತ್ತೆ. ಸಿಳ್ಳೆನೂ ಆವಾಗ್ಲೇ ಶುರು.”

ಅಲ್ಲೇ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತುಬಿಟ್ಟೆ. ಫೋನು ತೆಗೆದು, ಹಕ್ಕಿ ತಂದ ದಿನ ಓದಿದ್ದ ಅದೇ ಲೇಖನವನ್ನು ಹುಡುಕಿ ತೆರೆದೆ. ಹೆಣ್ಣಿನ ಮುಖ ಬೂದು, ಗಂಡಿನ ಮುಖ ಹಳದಿ. ಅದರ ಕೆಳಗಿನ ಪ್ಯಾರಾದಲ್ಲಿ ಆಕೆ ಹೇಳಿದ್ದೆಲ್ಲವೂ ಇತ್ತು. ನಾನು ಅಷ್ಟು ದೂರ ಓದಿರಲಿಲ್ಲ. ಬೇಕಾದ ಉತ್ತರ ಸಿಕ್ಕಿದ ಸಾಲಿಗೇ ನಿಲ್ಲಿಸಿದ್ದೆ. ನನ್ನ ಕೈಗೆ ಬಂದಾಗ ಅದು ಗುರುತೇ ಹತ್ತದ ಎಳೆ ಮರಿ. ಅಂಗಡಿಯವನಿಗೂ ಗೊತ್ತಾಗುವ ಹಾಗಿರಲಿಲ್ಲ.

ಊಟಕ್ಕೂ ನಿಲ್ಲದೆ ಹಳೇಬೀಡಿನ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಎದೆಯ ಮೇಲಿಂದ ಯಾರೋ ಮೂಟೆ ಇಳಿಸಿದಂತೆ. ಯಾವ ಹಕ್ಕಿಯೂ ಸತ್ತಿರಲಿಲ್ಲ, ಯಾರೂ ಸುಳ್ಳು ಹೇಳಿರಲಿಲ್ಲ.

ಓನರಮ್ಮ ತಮ್ಮನ ಮನೆಯ ಪಡಸಾಲೆಯಲ್ಲಿ ಅವರೆಕಾಯಿ ಬಿಡಿಸುತ್ತಿದ್ದರು. ನಾನು ನಿಂತುಕೊಂಡೇ ಎಲ್ಲವನ್ನೂ ಹೇಳಿ, ತಪ್ಪಾಯಿತು ಎಂದೆ. ಅವರು ಕಾಯಿ ಬಿಡಿಸುವುದನ್ನು ನಿಲ್ಲಿಸಲಿಲ್ಲ.

“ಅಷ್ಟ್ ದಿನ ಒಬ್ಬ ಹೆಂಗಸನ್ನ ಸುಳ್ಳುಗಾತಿ ಅಂದ್ಕೊಂಡು ಅವಳ ಮನೇಲೇ ಹೆಂಗ್ರೀ ಇದ್ರಿ?”

ಕೇಳಿ ಮುಗಿಸುವಷ್ಟರಲ್ಲಿ ಅವರಿಗೆ ನಗು ಬಂತು. ನಗುತ್ತಲೇ ಪಕ್ಕದಲ್ಲಿ ಜಾಗ ಮಾಡಿ ಕೂರಿಸಿ, ಅವರೆಕಾಯಿಯ ಮೊರವನ್ನು ಅರ್ಧ ನನ್ನ ಕಡೆಗೆ ತಳ್ಳಿದರು. ನಾಲ್ಕು ಕಾಯಿ ಬಿಡಿಸಿ, “ನಂಗೆ ಗೊತ್ತಿತ್ತು ಅದೇ ಹಕ್ಕಿ ಅಂತ. ನಿಮ್ಗೆ ಗೊತ್ತಾಗ್ಲಿಲ್ವಲ್ಲ ಅಂತ ಬೇಜಾರಿತ್ತು ಅಷ್ಟೆ. ಈಗ ಹೋಯ್ತು” ಎಂದರು. ನನ್ನ ಬದುಕಿನಲ್ಲಿ ಅಷ್ಟು ಸಲೀಸಾಗಿ ನನ್ನನ್ನು ಯಾರೂ ಕ್ಷಮಿಸಿಲ್ಲ.

ಇನ್ನೇನು ಕಾಫಿ ಬರಬೇಕು, ಅವರು ಕೇಳಿದರು, “ಇವತ್ತು ಅದಕ್ಕೆ ಏನ್ ಕೆಲ್ಸ ಕೊಟ್ಟು ಬಂದಿದೀರಾ?”

ಬೆಳಿಗ್ಗೆ ಅವಸರದಲ್ಲಿ ಬಟ್ಟಲಿಗೆ ಕಾಳು ಸುರಿದು ಬಂದಿದ್ದೆ. ಹೇಳಲೇಬೇಕಾಯಿತು. ಜಾವಗಲ್ ಮೇಲೆ ಅರಸೀಕೆರೆಗೆ ಹೋಗುವ ಬಸ್ಸು ಎಷ್ಟು ಹೊತ್ತಿಗೆ ಎಂದು ಒಳಗಿದ್ದ ತಮ್ಮನನ್ನು ಕೂಗಿ ಕೇಳಿದರು. ಕಾಫಿಯನ್ನು ಆರಿಸಿ ಆರಿಸಿ ಗಡಿಬಿಡಿಯಲ್ಲಿ ಕುಡಿಸಿ ನನ್ನನ್ನು ಎಬ್ಬಿಸಿ ಕಳಿಸಿದರು.

ಆಮೇಲೆ ಎರಡು ವರ್ಷ ಆಗಾಗ ಹೋಗಿಬರುತ್ತಿದ್ದೆ. ಒಮ್ಮೆ ಹಕ್ಕಿಯನ್ನೂ ಒಯ್ದಿದ್ದೆ, ಅದು ಹೆಗಲೇರಿ ಸೆರಗಿಗೆ ಬಾಯಿ ಹಾಕಿತು. ಹೋದ ವರ್ಷ ನಾಲ್ಕು ದಿನದ ಜ್ವರದಲ್ಲಿ ಅವರು ತೀರಿಕೊಂಡರು. ಕೊನೆಯ ಬೆಳಿಗ್ಗೆಯೂ ಬಸದಿಯ ಪೂಜೆಗೆ ಹೂವು ಹೋಯಿತೇ ಎಂದು ವಿಚಾರಿಸಿದ್ದರಂತೆ. ನಾನು ಹೋಗುವ ಹೊತ್ತಿಗೆ ಎಲ್ಲ ಮುಗಿದಿತ್ತು. ಅಂಗಳದಲ್ಲಿ ಅವರ ತಮ್ಮನ ಪಕ್ಕ ಕೂತಿದ್ದು ಬಂದೆ. ಮಹಾಪ್ರಬಂಧ ನನಗೆ ಕಲಿಸದ ಎರಡು ವಿಷಯಗಳನ್ನು ಅವರಿಂದ ಕಲಿತಿದ್ದೆ. ಸುಖವಾಗಿ ಇಟ್ಟುಬಿಟ್ಟರೆ ಸಾಕು ಎಂದುಕೊಳ್ಳಬಾರದು. ಓದಲು ಹಿಡಿದದ್ದನ್ನು ಕೊನೆಯವರೆಗೂ ಓದಬೇಕು.

ಹೀಗೆ ಮುಗಿಸಿಬಿಡಬಹುದಿತ್ತು. ಆದರೆ ನನ್ನ ಸ್ವಭಾವ ಬಿಡಲಿಲ್ಲ. ಈ ಬರಹಕ್ಕೆ ಕೂತಾಗ ಹಳೆಯ ತರ್ಕ ಮತ್ತೆ ತಲೆ ಎತ್ತಿತು. ಬೂದು ಮುಖ ಹಳದಿಯಾಗಬಹುದು ಎಂದು ಗೊತ್ತಾಯಿತು, ಸರಿ. ಆಗಬಹುದು ಎಂಬುದರಿಂದ ಆಯಿತು ಎಂದು ಸಾಬೀತಾಗುವುದಿಲ್ಲ. ಅವರನ್ನು ಇನ್ನು ಅನುಮಾನಿಸುತ್ತಿರಲಿಲ್ಲ, ಆದರೆ ನನ್ನ ನಂಬಿಕೆಗೆ ಅವರ ಮೇಲಿನ ಪ್ರೀತಿಯ ಹೊರತು ಬೇರೆ ಆಧಾರವಿದೆಯೇ ಎಂದು ತಿಳಿಯಬೇಕಿತ್ತು. ಹಕ್ಕಿ ತಂದ ಮಾರನೆಯ ದಿನ ತಂಗಿ ಬಂದಿದ್ದಳು. ಅವಳೊಂದು ಫೋಟೊ ತೆಗೆದಿದ್ದಳೆಂದು ನೆನಪು. ಕೇಳಿದೆ. ಹಳೆಯ ಫೋನಿನಲ್ಲಿ ಹುಡುಕಿ ಕಳಿಸಿದಳು.

ಫೋಟೊದಲ್ಲಿ ಬೂದು ಮುಖದ ಮರಿ ದಿನಪತ್ರಿಕೆಯ ಮೇಲೆ ನಿಂತಿದೆ. ದೊಡ್ಡದು ಮಾಡಿ ನೋಡಿದೆ. ಎಡಗಾಲಿನ ಹಿಂದಿನ ಎರಡು ಬೆರಳುಗಳಲ್ಲಿ ಹೊರಗಿನದಕ್ಕೆ ಉಗುರಿಲ್ಲ, ತುದಿ ಮೊಂಡಾಗಿದೆ. ಅಷ್ಟು ವರ್ಷದಲ್ಲಿ ನಾನು ಅದರ ಕಾಲನ್ನು ಒಮ್ಮೆಯೂ ಗಮನವಿಟ್ಟು ನೋಡಿರಲಿಲ್ಲ. ಕೆಲವು ಫೋನುಗಳಲ್ಲಿ ಚಿತ್ರದ ಎಡ ಬಲ ಅದಲುಬದಲಾಗುತ್ತವೆ. ಇಲ್ಲಿ ಕಾಲಿನ ಕೆಳಗಿನ ಪತ್ರಿಕೆಯ ಅಕ್ಷರಗಳು ನೇರವಾಗಿಯೇ ಇವೆ. ಎದ್ದು ಪಂಜರದ ಬಾಗಿಲು ತೆರೆದೆ. ಹಕ್ಕಿ ಕೈಗೆ ಹತ್ತಿತು. ಕಿಟಕಿಯ ಬೆಳಕಿಗೆ ಹಿಡಿದು ಎಡಗಾಲು ನೋಡಿದೆ. ಹಿಂದಿನ ಹೊರಬೆರಳು ಮೊಂಡು, ಉಗುರಿಲ್ಲ.